ಹಳೇ ಫರ್ನೇಸ್‌ಗೆ ಝೋನಿಂಗ್ ಹಾಕಿಸೋ ಮುಂಚೆ ಇದನ್ನ ಓದಿ

ಮಿನೆಸೋಟಾದಲ್ಲಿ ನಮ್ಮದು ಎರಡಂತಸ್ತಿನ ಮನೆ. ಚಳಿಗಾಲದಲ್ಲಿ ಮೇಲಿನ ಕೋಣೆಗಳಲ್ಲಿ ಸೆಕೆ, ಬೇಸ್‌ಮೆಂಟಲ್ಲಿ ನಡುಕ. ಊರಿಂದ ಬಂದಿದ್ದ ಅಮ್ಮ ಅಲ್ಲಿ ಎರಡೆರಡು ಶಾಲು ಹೊದ್ದು ಕೂತಿದ್ದು ನೋಡಿ ಕಾಂಟ್ರಾಕ್ಟರ್‌ನ ಕರೆಸಿದೆ. ಝೋನಿಂಗ್ ಮಾಡಿಸಿ, ಅಂದ್ರೆ ಮಹಡಿಗೆ ಬೇಕಾದಷ್ಟೇ ಶಾಖ, ಇರೋ ಫರ್ನೇಸೇ (ಗಾಳಿ ಕಾಯಿಸೋ ಯಂತ್ರ) ಸಾಕು, ಬಿಸಿ ಗಾಳಿಯ ಡಕ್ಟಿಗೆ ಮೂರು ಡ್ಯಾಂಪರ್ (ತೆರೆದು ಮುಚ್ಚೋ ತಡೆ), ಮಹಡಿಗೊಂದು ಥರ್ಮೋಸ್ಟ್ಯಾಟ್, ಒಂದೇ ದಿನದ ಕೆಲಸ ಅಂದ. ನಂಬಿದೆ.

ಮೊದಲ ಕೊರೆಯೋ ರಾತ್ರಿ ಬೇಸ್‌ಮೆಂಟ್ ಒಂದೇ ಶಾಖ ಕೇಳ್ತು. ಜಾಲರಿಯಿಂದ ಕುಕ್ಕರ್ ಸೀಟಿಗೆ ಮುಂಚಿನ ಥರ ಬುಸ್ ಅಂತ ಸದ್ದು. ನಾಲ್ಕೇ ನಿಮಿಷ, ಉರಿ ಆರಿ ಬರೀ ತಣ್ಣನೆ ಗಾಳಿ. ಸ್ವಲ್ಪ ಹೊತ್ತಿಗೆ ಮತ್ತೆ ಹೊತ್ತಿ ಮತ್ತೆ ಆರ್ತು. ಬೆಳಗಿನವರೆಗೂ ಇದೇ ಕಥೆ. ಫರ್ನೇಸಿನ ಕಿಂಡಿಯಲ್ಲಿ ಸಣ್ಣ ದೀಪ ಮಿಣುಕ್ತಿತ್ತು. ಬಾಗಿಲ ಒಳಗೆ ಅಂಟಿಸಿದ ಪಟ್ಟಿ ನೋಡಿದರೆ, ಲಿಮಿಟ್ ಸ್ವಿಚ್ ಟ್ರಿಪ್, ಅಂದ್ರೆ ಫರ್ನೇಸ್ ಅತಿಯಾಗಿ ಕಾದು ಸುರಕ್ಷತಾ ಸ್ವಿಚ್ ಉರಿ ಆರಿಸಿದೆ.

ನಮ್ಮದು ಗಂಟೆಗೆ 80,000 ಬಿಟಿಯು (ಶಾಖದ ಅಳತೆ), ಸಿಂಗಲ್ ಸ್ಟೇಜ್. ಉರಿದರೆ ಪೂರ್ತಿ, ಇಲ್ಲಾಂದ್ರೆ ಇಲ್ಲ. ಎರಡು ಡ್ಯಾಂಪರ್ ಮುಚ್ಚಿದರೆ ಅಷ್ಟೂ ಶಾಖ ಬೇಸ್‌ಮೆಂಟಿನ ಸಣ್ಣ ಡಕ್ಟಲ್ಲೇ ಹೋಗಬೇಕು. ಮದುವೆಮನೆ ಒಲೆ ಮೇಲೆ ಪಾವಕ್ಕಿ ಪಾತ್ರೆ ಇಟ್ಟ ಹಾಗೆ.

ದೂರಿದರೆ ಬಂದು ಹೆಚ್ಚಾದ ಗಾಳಿಯನ್ನ ಫರ್ನೇಸಿಗೇ ವಾಪಸ್ ಕಳಿಸೋ ಬೈಪಾಸ್ ಡಕ್ಟ್ ಕೂರಿಸಿದರು. ಇನ್ನೂ ಕೆಟ್ಟಿತು! ಬಿಸಿ ಗಾಳಿಯೇ ರಿಟರ್ನ್‌ಗೆ ಬಂದು ಮತ್ತೆ ಕಾಯ್ತಿತ್ತಲ್ಲ.

ಕೊನೆಗೆ ಬೇರೊಬ್ಬ ಟೆಕ್ನೀಶಿಯನ್ ಒತ್ತಡ ಅಳೆಯೋ ಮ್ಯಾನೋಮೀಟರ್ ಚುಚ್ಚಿ ನೋಡಿದ. ಫರ್ನೇಸಿನ ಪ್ಲೇಟಿನ ಮೇಲೆ ಸ್ಟ್ಯಾಟಿಕ್ ಪ್ರೆಶರ್‌ನ (ಡಕ್ಟಲ್ಲಿ ಗಾಳಿಯ ಒತ್ತಡ) ಮಿತಿ 0.5 ಇಂಚು (ನೀರಿನ ಎತ್ತರದ ಲೆಕ್ಕ), ನಮ್ಮಲ್ಲಿ 0.9. ಹೀಗೇ ಬಿಟ್ಟರೆ ಹೀಟ್ ಎಕ್ಸ್‌ಚೇಂಜರ್ (ಉರಿಯ ಹೊಗೆಯನ್ನ ಮನೆ ಗಾಳಿಯಿಂದ ಬೇರೆ ಇಡೋ ಲೋಹದ ಭಾಗ) ಬಿರುಕು ಬಿಡಬಹುದು, ಆಗ ಕಾರ್ಬನ್ ಮೊನಾಕ್ಸೈಡ್ ವಿಷಾನಿಲ ಮನೆಯೊಳಗೆ ಬರೋ ಅಪಾಯ ಅಂದ. ಪುಣ್ಯಕ್ಕೆ ಬಿರುಕಿರಲಿಲ್ಲ. ಅವತ್ತೇ ಮಹಡಿಗೊಂದು ಅಲಾರಂ ತಂದೆ. ಬೇಸಿಗೆಯಲ್ಲೂ ಹೀಗೇ ಗಾಳಿ ಕಟ್ಟಿದರೆ ಏಸಿ ಕಾಯಿಲ್ ಮೇಲೆ ಮಂಜುಗಡ್ಡೆ ಕಟ್ಟುತ್ತಂತೆ.

ಹಾಕಿಸಲೇಬೇಕು ಅಂದ್ರೆ ಟು ಸ್ಟೇಜ್ ಅಥವಾ ಮಾಡ್ಯುಲೇಟಿಂಗ್ ಫರ್ನೇಸ್ (ಉರಿ ಕಮ್ಮಿ ಮಾಡಬಲ್ಲದ್ದು), ವೇರಿಯಬಲ್ ಸ್ಪೀಡ್ ಬ್ಲೋವರ್ ಇದೆಯಾ ನೋಡಿ. ಎಲ್ಲಕ್ಕಿಂತ ಸಣ್ಣ ಝೋನ್ ಒಂದನ್ನೇ ತೆರೆದು ಪ್ರೆಶರ್ ಅಳೆದು ತೋರಿಸೋಕೆ ಹೇಳಿ, ಆಮೇಲೆ ಹಣ ಕೊಡಿ. ಲಿಮಿಟ್ ಸ್ವಿಚ್‌ಗೆ ಜಂಪರ್ (ಅದನ್ನ ದಾಟಿಸೋ ತಂತಿ) ಹಾಕ್ತೀನಿ ಅಂದವನನ್ನ ಮನೆಗೇ ಸೇರಿಸಬೇಡಿ.

ಈಗ ಬೈಪಾಸ್ ಮುಚ್ಚಿಸಿ, ಡ್ಯಾಂಪರ್‌ಗಳನ್ನ ತೆರೆದೇ ಇಟ್ಟಿದ್ದೀವಿ. ಬೇಸ್‌ಮೆಂಟಿಗೆ ಬೇಸ್‌ಬೋರ್ಡ್ ಹೀಟರ್ ಬಂದಿದೆ. ಹಣ ವಾಪಸ್ ಕೇಳಿದೆ. ಒಪ್ಪಂದದಲ್ಲಿ ಇದ್ದದ್ದು ಮೂರು ಡ್ಯಾಂಪರ್ ಕೂರಿಸೋದು, ಕೂರಿಸಿದ್ದೀವಲ್ಲ ಅಂದರು.