ಪುಕ್ಕಟೆಯಾಗಿ ಬಳ್ಳಾರಿ ಜಾಲಿ ಕಡಿದುಕೊಡ್ತೀವಿ ಅಂತ ಬಂದರೆ ಸ್ವಲ್ಪ ತಡೀರಿ

ಊರಲ್ಲಿ ಹೊಲ ಇಟ್ಟುಕೊಂಡು ಬೆಂಗಳೂರಿನಲ್ಲೋ ಮೈಸೂರಿನಲ್ಲೋ ಕೆಲಸ ಮಾಡುವವರು ದಯವಿಟ್ಟು ಇದನ್ನು ಪೂರ್ತಿ ಓದಿ. ಚಿತ್ರದುರ್ಗ, ತುಮಕೂರು, ಬಳ್ಳಾರಿ, ಕೊಪ್ಪಳ, ರಾಯಚೂರು ಕಡೆಯವರಂತೂ ಖಂಡಿತ ಓದಬೇಕು. ನಮ್ಮ ಕಡೆ ನಾಲ್ಕೈದು ವರ್ಷ ಉಳುಮೆ ಬಿಟ್ಟ ಹೊಲ ಅಂದರೆ ಅಲ್ಲಿ ಬಳ್ಳಾರಿ ಜಾಲಿ ಅನ್ನುವ ಮುಳ್ಳಿನ ಮರ ಇದ್ದೇ ಇರುತ್ತದೆ. ಅಂಥ ಹೊಲಗಳನ್ನು ಹುಡುಕಿಕೊಂಡು ಇದ್ದಿಲು ಸುಡುವ ಮೇಸ್ತ್ರಿಗಳು ಬರುತ್ತಾರೆ. ಮಾತು ಬಹಳ ಚೆನ್ನಾಗಿರುತ್ತದೆ. ನಮ್ಮ ಚಿಕ್ಕಪ್ಪನಿಗೆ ಒಬ್ಬ ಹೇಳಿದ್ದು ಹೀಗೆ: "ಯಜಮಾನ್ರೇ, ನೀವು ಒಂದು ರೂಪಾಯಿ ಬಿಚ್ಚಬೇಡಿ. ಮರ ನಮಗೆ, ಹೊಲ ನಿಮಗೆ. ಬುಡ ಸಮೇತ ಕಿತ್ತು, ಜೆಸಿಬಿ ಹೊಡೆಸಿ, ನೇಗಿಲು ಹೂಡೋ ಹಾಗೆ ಮಾಡಿಕೊಡ್ತೀವಿ."

ಮರ ಅವರಿಗೆ ಹೋಯಿತು. ಹೊಲ ಮಾತ್ರ ನಮಗೆ ಸಿಗಲಿಲ್ಲ.

ನಮ್ಮದು ಹಿರಿಯೂರು ಕಡೆಯ ಕೆಂಪು ಮಣ್ಣಿನ ಹೊಲ. ಹಿಂದೆ ಶೇಂಗಾ ಬೆಳೆಯುತ್ತಿದ್ದರು. ಬೋರ್‌ವೆಲ್ ಬತ್ತಿದ ಮೇಲೆ ಬೀಳು ಬಿತ್ತು. ಮೊದಲು ಹಳ್ಳದ ದಂಡೆಯಲ್ಲಿದ್ದ ಜಾಲಿ ಬದುವಿಗೆ ಬಂತು, ಬದುವಿನಿಂದ ಹೊಲದೊಳಕ್ಕೆ ಇಳಿಯಿತು. ಮೇಸ್ತ್ರಿ ಬರುವ ಹೊತ್ತಿಗೆ ಮನುಷ್ಯ ನುಗ್ಗಲಾಗದ ಹಾಗೆ ಬೆಳೆದಿತ್ತು. ಚಿಕ್ಕಪ್ಪನಿಗೆ ವಯಸ್ಸಾಗಿದೆ, ನಾವೆಲ್ಲ ಊರು ಬಿಟ್ಟವರು. ಪುಕ್ಕಟೆ ಅಂದಾಗ ಬೇಡ ಅನ್ನೋಕೆ ಯಾರಿಗೂ ಕಾರಣ ಕಾಣಲಿಲ್ಲ. ಕರಾರು ಪತ್ರ ಏನೂ ಇಲ್ಲ, ಎಲ್ಲ ಬಾಯಿಮಾತು.

ಬೇಸಿಗೆಯಲ್ಲಿ ಆಳುಗಳು ಬಂದರು. ಹೊಲದಲ್ಲೇ ಗುಡಿಸಲು ಹಾಕಿ, ಮರ ಕಡಿದು ಒಟ್ಟಿ, ಮೇಲೆ ಹುಲ್ಲು ಮಣ್ಣು ಮುಚ್ಚಿ ಒಳಗೊಳಗೇ ಸುಟ್ಟರು. ಆ ಆಳುಗಳ ಬಗ್ಗೆ ನನಗೆ ಏನೂ ದೂರಿಲ್ಲ. ಆ ಬಿಸಿಲಲ್ಲಿ, ಆ ಹೊಗೆಯಲ್ಲಿ, ಆ ಮುಳ್ಳಿನ ನಡುವೆ ಗೇಯುವುದು ಸಾಮಾನ್ಯ ಕಷ್ಟವಲ್ಲ. ಜಾಲಿ ಸೌದೆ ಗಟ್ಟಿ, ನಿಧಾನವಾಗಿ ಉರಿಯುತ್ತದೆ, ಕಾವು ಜಾಸ್ತಿ. ಅದಕ್ಕೇ ಇಸ್ತ್ರಿ ಅಂಗಡಿಯಿಂದ ಹಿಡಿದು ತಂದೂರಿ ಒಲೆಯ ತನಕ ಇದರ ಇದ್ದಿಲಿಗೆ ಬೇಡಿಕೆ. ಅಮೆರಿಕದ ಟೆಕ್ಸಾಸ್‌ನಲ್ಲಿ ಇದರದೇ ಬಳಗದ ಮೆಸ್ಕೀಟ್ ಮರದ ಸೌದೆಯಲ್ಲಿ ಮಾಂಸ ಸುಡುವುದು ದೊಡ್ಡ ಶೋಕಿ. ಅಲ್ಲಿರುವ ನಮ್ಮ ನೆಂಟರು ಅದನ್ನು ಪ್ಯಾಕೆಟ್ ಲೆಕ್ಕದಲ್ಲಿ ದುಡ್ಡು ಕೊಟ್ಟು ತರುತ್ತಾರೆ ಅಂದಾಗ ಚಿಕ್ಕಪ್ಪ ನಂಬಲೇ ಇಲ್ಲ. ಅಂದರೆ ಮೇಸ್ತ್ರಿಗೆ ಈ ವ್ಯವಹಾರ ಪುಕ್ಕಟೆಯೇನೂ ಅಲ್ಲ. ಅವನಿಗೆ ಸಿಗುವುದೆಲ್ಲ ನೆಲದ ಮೇಲಿನ ಕಾಂಡದಲ್ಲಿದೆ. ನಮಗೆ ಬೇಕಾದ ಕೆಲಸವೆಲ್ಲ ನೆಲದ ಕೆಳಗಿದೆ.

ಅವರು ಮಾಡಿದ್ದೇನು? ಮೊಣಕಾಲೆತ್ತರಕ್ಕೆ ಕಡಿದು ಬಿಟ್ಟರು. ಕೆಲವು ಕಡೆ ಅದಕ್ಕಿಂತಲೂ ಮೇಲೆ. ಬುಡದ ಹತ್ತಿರ ಮಣ್ಣು, ಕಲ್ಲು ತಾಗಿ ಕೊಡಲಿ, ಗರಗಸ ಮೊಂಡಾಗುತ್ತದೆ. ಹಾಗಾಗಿ ಅಲ್ಲಿಗೆ ಯಾರೂ ಬಗ್ಗುವುದಿಲ್ಲ. ಸಣ್ಣ ಕೊಂಬೆ ಇದ್ದಿಲಿಗೆ ಬರುವುದಿಲ್ಲವಲ್ಲ, ಅದನ್ನೆಲ್ಲ ಹೊಲದ ತುಂಬ ಚೆಲ್ಲಿದರು. ಕೊನೆಯ ಲೋಡ್ ಹೋದ ಮೇಲೆ ಜೆಸಿಬಿ ಬರಬೇಕಿತ್ತು. "ನಾಳೆ ಬರುತ್ತೆ ಸಾರ್", "ಆಯುಧಪೂಜೆ ಕಳೀಲಿ ಸಾರ್", ಆಮೇಲೆ ಫೋನೇ ಎತ್ತಲಿಲ್ಲ.

ಮಳೆ ಬಿತ್ತು. ಒಂದೊಂದು ಮೋಟಿನಿಂದಲೂ ಗುಂಪು ಗುಂಪಾಗಿ ಚಿಗುರು. ಮೊದಲು ಒಂದು ಕಾಂಡ ಇದ್ದ ಕಡೆ ಈಗ ಒಂದು ಪೊದೆ. ಚಿಗುರಿನ ಮುಳ್ಳು ಹಳೇ ಮರದ ಮುಳ್ಳಿಗಿಂತ ಉದ್ದ. ಹೀಗೇಕೆ ಅಂತ ತಿಳಿದವರನ್ನು ಕೇಳಿದಾಗ ಗೊತ್ತಾಯಿತು. ಈ ಮರದ ಚಿಗುರೊಡೆಯುವ ಮೊಗ್ಗುಗಳು ಬುಡದಲ್ಲಿ, ನೆಲಮಟ್ಟದಲ್ಲಿ ಮತ್ತು ಅದಕ್ಕಿಂತ ಸ್ವಲ್ಪ ಕೆಳಗೆ ಮಲಗಿರುತ್ತವೆ. ಮೇಲೆ ಕಡಿದರೆ ಅವೆಲ್ಲ ಒಟ್ಟಿಗೆ ಏಳುತ್ತವೆ. ಬೆಂಕಿ ಹಾಕಿದರೂ ಅಷ್ಟೇ. ಬೆಳೆದ ಮರ ಸುಟ್ಟ ಮೇಲೂ ಬುಡದಿಂದ ಮತ್ತೆ ಚಿಗುರುತ್ತದೆ. ಆದರೆ ಒಂದು ಒಳ್ಳೆ ಸುದ್ದಿಯೂ ಇದೆ: ಬೇರನ್ನು ಪೂರ್ತಿ ಅಗೆಯಬೇಕಾಗಿಲ್ಲ. ನೆಲದಿಂದ ಸುಮಾರು ಒಂದು ಅಡಿ ಕೆಳಗೆ ಬೇರು ತುಂಡರಿಸಿ ಬುಡದ ಗಂಟನ್ನು ಹೊರಗೆ ತೆಗೆದರೆ ಸಾಕು, ಕೆಳಗಿನ ಬೇರು ಅಲ್ಲೇ ಸಾಯುತ್ತದೆ. ಪೂರ್ತಿ ಅಗೆಯುತ್ತೇನೆ ಅಂದರೂ ಅದು ಆಗುವ ಮಾತಲ್ಲ. ಅಮೆರಿಕದ ಆರಿಜೋನಾದಲ್ಲಿ ಒಂದು ತೆರೆದ ಗಣಿ ಅಗೆಯುವಾಗ ಈ ಬಳಗದ ಮರದ ಬೇರು 53 ಮೀಟರ್ ಆಳದಲ್ಲಿ ಸಿಕ್ಕಿತ್ತು. ನಮ್ಮ ಬೋರ್‌ವೆಲ್ ಕೇಸಿಂಗ್ ಕೂಡ ಅಷ್ಟು ಆಳಕ್ಕೆ ಇಳಿಸಿರಲಿಲ್ಲ.

ಟ್ರ್ಯಾಕ್ಟರ್‌ನವನು ಬಂದು ಹೊಲ ನೋಡಿ ಹಾಗೇ ವಾಪಸ್ ಹೋದ. ಹುಲ್ಲಿನಲ್ಲಿ ಮುಚ್ಚಿಹೋದ ಮೋಟುಗಳು, ಮೇಲೆ ಒಣಮುಳ್ಳು. "ಟೈರಿಗೆ ಯಾರು ದುಡ್ಡು ಕೊಡ್ತಾರಣ್ಣ?" ಅಂದ. ತಪ್ಪೇನಿಲ್ಲ.

ಚಿಕ್ಕಪ್ಪ ಒಣಮುಳ್ಳನ್ನಾದರೂ ಒಂದು ಕಡೆ ಎಳೆದು ಹಾಕೋಣ ಅಂತ ಹೋದರು. ಮುಳ್ಳು ಚಪ್ಪಲಿ ತೂರಿಕೊಂಡು ಹಿಮ್ಮಡಿಗೆ ಹೊಕ್ಕಿತು. ಹೊರಗೆ ಬಂದಿದ್ದು ಅರ್ಧ, ಒಳಗೆ ಉಳಿದಿದ್ದು ಅರ್ಧ. ಹಳ್ಳಿಯವರು ಮುಳ್ಳಿಗೆಲ್ಲ ಆಸ್ಪತ್ರೆಗೆ ಹೋಗುತ್ತಾರಾ? ಎಕ್ಕದ ಹಾಲು ಹಾಕಿ ಸುಮ್ನಾದರು. ಕಾಲು ಊದಿ, ಕೀವಾಗಿ, ಕೊನೆಗೆ ಕೊಯ್ದು ತೆಗೆಸಬೇಕಾಯಿತು. ಮುಳ್ಳು ಮರದ ಚೂರಾದ್ದರಿಂದ ಸಾಮಾನ್ಯವಾಗಿ ಎಕ್ಸ್-ರೇಯಲ್ಲಿ ಕಾಣುವುದಿಲ್ಲ. ಎಕ್ಸ್-ರೇಯಲ್ಲಿ ಏನೂ ಇಲ್ಲ ಅಂತ ಮನೆಗೆ ಬರಬೇಡಿ, ನೋವು ಉಳಿದಿದ್ದರೆ ಸ್ಕ್ಯಾನಿಂಗ್ ಬಗ್ಗೆ ಕೇಳಿ. ಟಿಟಿ ಇಂಜೆಕ್ಷನ್ ಅಂತೂ ಬಿಡಬೇಡಿ. ಮಂಡಿ, ಬೆರಳಿನ ಕೀಲಿಗೆ ಚುಚ್ಚಿದರೆ ಇನ್ನೂ ಹುಷಾರಾಗಿರಬೇಕು.

ಕೊನೆಗೆ ಗಂಟೆ ಲೆಕ್ಕದಲ್ಲಿ ಹಿಟಾಚಿ ಕರೆಸಿದೆವು. ಈ ಬರಹದಲ್ಲಿ ನೀವು ನೆನಪಿಡಬೇಕಾದ್ದು ಇದೇ. ಆಪರೇಟರ್ ಹುಡುಗ ಇಳಿದು ಮೋಟು ನೋಡಿ ತಲೆ ಚಚ್ಚಿಕೊಂಡ. "ಮರ ನಿಂತಿದ್ದಾಗ ಕರೀಬೇಕಿತ್ತು ಸಾರ್. ಕಾಂಡಕ್ಕೆ ಬಕೆಟ್ ಕೊಟ್ಟು ಒಂದು ಸಲ ನೂಕಿದ್ರೆ ಬುಡ ತಾನೇ ಎದ್ದು ಬರ್ತಿತ್ತು. ಈಗ ಹಿಡಿಯೋಕೆ ಏನಿದೆ? ಒಂದೊಂದನ್ನೂ ಸುತ್ತ ಅಗೀಬೇಕು." ಅಂದರೆ ಮೇಸ್ತ್ರಿ ಕೆಲಸ ಅರ್ಧ ಮಾಡಿ ಹೋಗಿದ್ದಲ್ಲ, ಉಳಿದ ಅರ್ಧದ ಖರ್ಚನ್ನೂ ಹೆಚ್ಚು ಮಾಡಿ ಹೋಗಿದ್ದ. ಮೊದಲು ಮರವನ್ನು ಬುಡಸಮೇತ ಉರುಳಿಸಬೇಕು, ಕಡಿಯುವುದು ಆಮೇಲೆ. ಅದೂ ಮಳೆ ಬಿದ್ದು ನೆಲ ಮೆತ್ತಗಿದ್ದಾಗ. ಬೇಸಿಗೆಯ ಗಟ್ಟಿ ನೆಲದಲ್ಲಿ ಕಾಂಡ ಮುರಿದು ಬುಡ ಒಳಗೇ ಉಳಿಯುತ್ತದೆ. ಇದ್ದಿಲಿನವರಿಗೆ ಬೇಕಾದ್ದು ಬೇಸಿಗೆ, ಹೊಲದವರಿಗೆ ಬೇಕಾದ್ದು ಮಳೆಗಾಲ. ಪುಕ್ಕಟೆ ಲೆಕ್ಕ ತಪ್ಪುವುದು ಇಲ್ಲೇ.

ಇನ್ನೊಂದು ಸಂಕಟ ಬದುವಿನ ಮರಗಳದ್ದು. ಜಾಲಿ ಜತೆ ಎರಡು ಬೇವು, ಒಂದು ಬನ್ನಿ ಮರವನ್ನೂ ಉರುಳಿಸಿದ್ದರು. ಕೇಳಿದರೆ, "ಎಲ್ಲ ಮುಳ್ಳೇ ಅಲ್ವಾ ಸಾರ್, ಹುಡುಗರಿಗೆ ಗೊತ್ತಾಗಲಿಲ್ಲ." ಬೇವಿಗೆ ಯಾವ ಮುಳ್ಳು! ಬನ್ನಿ ಹೋಗಿದ್ದಕ್ಕೆ ಚಿಕ್ಕಮ್ಮ ಇವತ್ತಿಗೂ ಬೈಯುತ್ತಾರೆ. ಪ್ರತಿ ವರ್ಷ ದಸರಾದಲ್ಲಿ ಊರಿನ ಅರ್ಧ ಜನ ಆ ಮರದ ಎಲೆ ಕಿತ್ತು ಹಂಚುತ್ತಿದ್ದರು. ಬನ್ನಿಯೂ ಜಾಲಿಯೂ ದೂರದ ನೆಂಟರೇ. ತುಂಬ ಕಾಲ ವಿಜ್ಞಾನಿಗಳು ಎರಡನ್ನೂ ಪ್ರೊಸೋಪಿಸ್ ಅನ್ನುವ ಒಂದೇ ಕುಲದಲ್ಲಿ ಇಟ್ಟಿದ್ದರು. 2022ರಲ್ಲಿ ಅಮೆರಿಕ ಮೂಲದ ಬಳ್ಳಾರಿ ಜಾಲಿಯನ್ನು ನೆಲ್ಟುಮಾ ಅಂತ ಬೇರೆ ಮಾಡಿದರು, ನಮ್ಮ ಬನ್ನಿ ಹಳೇ ಹೆಸರಲ್ಲೇ ಉಳಿಯಿತು. ಹೊಲದಲ್ಲಿ ಇವನ್ನು ಗುರುತಿಸುವುದು ಕಷ್ಟವಲ್ಲ. ಬಳ್ಳಾರಿ ಜಾಲಿಯ ಮುಳ್ಳು ಎಲೆ ಹೊರಡುವ ಗೆಣ್ಣಿನಲ್ಲಿ, ಹೆಚ್ಚಾಗಿ ಜೋಡಿಯಾಗಿ ಇರುತ್ತದೆ. ಕೊಂಬೆ ಗೆಣ್ಣಿನಿಂದ ಗೆಣ್ಣಿಗೆ ಅಂಕುಡೊಂಕು. ಬನ್ನಿಯ ಮುಳ್ಳು ಚಿಕ್ಕದು, ಬುಡ ಅಗಲ, ಗೆಣ್ಣುಗಳ ನಡುವೆ ಕೊಂಬೆಯ ಉದ್ದಕ್ಕೂ ಚೆದುರಿರುತ್ತದೆ. ಇನ್ನು ಕರಿಜಾಲಿ, ಅದರ ಹೂವು ಹಳದಿ ಉಂಡೆ, ಕಾಯಿ ಮಣಿ ಪೋಣಿಸಿದ ಹಾಗೆ. ಬಳ್ಳಾರಿ ಜಾಲಿಯದು ಉದ್ದನೆಯ ತೆನೆಯಂಥ ಹೂವು, ಹಣ್ಣಾದಾಗ ಹಳದಿಯಾಗುವ ಸಿಹಿ ಕಾಯಿ. ಬನ್ನಿ ನಿಧಾನವಾಗಿ ಬೆಳೆಯುವ ಮರ. ಅದರ ಕೆಳಗೆ ಬೆಳೆಯೂ ಬರುತ್ತದೆ. ರಾಜಸ್ಥಾನದಲ್ಲಿ ಖೇಜ್ರಿ ಅಂತ ಹೊಲದ ನಡುವೆಯೇ ಉಳಿಸಿಕೊಳ್ಳುತ್ತಾರೆ.

ಹೀಗಾಗಿ ಕೆಲಸ ಶುರುವಾಗುವ ಮುಂಚೆ ಉಳಿಯಬೇಕಾದ ಮರಗಳಿಗೆಲ್ಲ ನೀವೇ ನಿಂತು ಸುಣ್ಣ ಬಳಿಸಿ. ಕಾನೂನಿನ ವಿಷಯವೂ ಇದೆ. 1976ರ ಕರ್ನಾಟಕ ಮರ ಸಂರಕ್ಷಣಾ ಕಾಯ್ದೆಯಲ್ಲಿ ಅನುಮತಿ ಬೇಡದ ಮರಗಳ ಸಾಲಿನಲ್ಲಿ ನೀಲಗಿರಿ, ಸರ್ವೆ, ಸುಬಾಬುಲ್ ಜತೆ ಬಳ್ಳಾರಿ ಜಾಲಿಯ ಹಳೇ ಕುಲದ ಹೆಸರು ಪ್ರೊಸೋಪಿಸ್ ಕೂಡ ಇದೆ. ಅದನ್ನೇ ನಂಬಿ ಬೇವು, ಹುಣಸೆ, ಹೊಂಗೆಗೂ ಇದೇ ನಿಯಮ ಅಂದುಕೊಳ್ಳಬೇಡಿ. ವಲಯ ಅರಣ್ಯ ಕಚೇರಿಯಲ್ಲಿ ಒಮ್ಮೆ ಕೇಳಿ. ನಾಳೆ ಏನಾದರೂ ತಕರಾರು ಬಂದರೆ ಮೇಸ್ತ್ರಿ ಸಿಗುವುದಿಲ್ಲ, ಪಹಣಿಯಲ್ಲಿ ಇರುವುದು ನಿಮ್ಮ ಹೆಸರು.

ಬುಡ ತೆಗೆಸಿದ ಮೇಲೂ ಮುಗಿಯುವುದಿಲ್ಲ. ಬೀಜ ಇದೆಯಲ್ಲ! ಅದರ ಸಿಪ್ಪೆ ಗಟ್ಟಿ, ಮಣ್ಣಲ್ಲಿ ವರ್ಷಗಟ್ಟಲೆ ಕೆಡದೆ ಉಳಿಯುತ್ತದೆ. ಕುರಿ, ಮೇಕೆ, ದನ ಸಿಹಿ ಕಾಯಿ ತಿನ್ನುತ್ತವೆ, ಬೀಜ ಕರಗದೆ ಹಿಕ್ಕೆ, ಸಗಣಿಯಲ್ಲಿ ಹೊರಗೆ ಬೀಳುತ್ತದೆ. ಹೊಟ್ಟೆಯಲ್ಲಿ ಸಿಪ್ಪೆ ಮೆತ್ತಗಾಗಿ ಮೊಳಕೆಗೆ ಇನ್ನೂ ಅನುಕೂಲ. ನಮ್ಮ ಕಡೆ ಬೇಸಿಗೆಯಲ್ಲಿ ಹೊಲಕ್ಕೆ ಕುರಿ ಮಂದೆ ತರುಬಿಸುವುದು ರೂಢಿ. ಗೊಬ್ಬರ ಒಳ್ಳೆಯದೇ. ಆದರೆ ಜಾಲಿ ಕಾಯಿ ಉದುರುವ ಕಾಲದಲ್ಲಿ, ಹಳ್ಳದ ದಂಡೆ ಮೇಯ್ದು ಬಂದ ಮಂದೆಯನ್ನು ಹೊಸದಾಗಿ ಹಸನು ಮಾಡಿದ ಹೊಲಕ್ಕೆ ಬಿಟ್ಟರೆ ಜಾಲಿ ಬಿತ್ತನೆ ಮಾಡಿಸಿದ ಹಾಗೇ. ನಮ್ಮ ಪಕ್ಕದ ಹೊಲದವರಿಗೆ ಆಗಿದ್ದು ಅದೇ. ಸಸಿ ಎದ್ದ ಮೊದಲ ಮಳೆಗಾಲದಲ್ಲೇ, ನೆಲ ಒದ್ದೆ ಇರುವಾಗ ಕೈಯಲ್ಲಿ ಕಿತ್ತರೆ ಸಲೀಸಾಗಿ ಬರುತ್ತದೆ. ಮುಂದಿನ ವರ್ಷಕ್ಕೆ ಬಿಟ್ಟರೆ ಹಾರೆ, ಗುದ್ದಲಿ ಬೇಕು.

ಬರಗಾಲದಲ್ಲಿ ಕಾಯಿ ಮೇವಾಗುತ್ತದೆ ನಿಜ. ಬೇರೆ ಮೇವಿನ ಜತೆ ಸ್ವಲ್ಪ ಕೊಡಬಹುದು. ಬರೀ ಇದನ್ನೇ ತಿಂಗಳುಗಟ್ಟಲೆ ತಿಂದರೆ ಕಾಯಿಯಲ್ಲಿರುವ ವಿಷದ ಅಂಶ ದವಡೆ ಆಡಿಸುವ ನರಗಳನ್ನು ಕೆಡಿಸುತ್ತದೆ. ದನ, ಮೇಕೆಗಳ ದವಡೆ ಜೋತು ಬಿದ್ದು, ಮೆಲುಕು ಹಾಕಲಾಗದೆ ಸೊರಗುತ್ತವೆ. ಕೀನ್ಯಾದ ಬರಿಂಗೊ ಕಡೆಯ ಜನ ಈ ಮರ ನೆಡಿಸಿದ ಸರ್ಕಾರದ ಮೇಲೆಯೇ ಕೇಸು ಹಾಕಿ, ಹಲ್ಲು ಕಳೆದುಕೊಂಡ ಮೇಕೆಯನ್ನು ಕೋರ್ಟಿಗೆ ತಂದಿದ್ದರು.

ಮರವನ್ನು ಪೂರ್ತಿ ಬೈಯಲು ನನಗೆ ಮನಸ್ಸಿಲ್ಲ. 1870ರ ದಶಕದಲ್ಲಿ ಮದ್ರಾಸ್ ಪ್ರಾಂತ್ಯದ ಅರಣ್ಯಾಧಿಕಾರಿಗಳು ಸೌದೆಗಾಗಿ ಬೀಜ ತರಿಸಿ ಕಡಪ ಕಡೆ ನೆಡಿಸಿದರು. ಗುಜರಾತಿನ ಕಛ್‌ನಲ್ಲಿ ಬನ್ನಿ ಅನ್ನುವ ಹೆಸರಿನ ಹುಲ್ಲುಗಾವಲಿನಲ್ಲಿ 1961ರಲ್ಲಿ ಉಪ್ಪು ಮರಳುಗಾಡು ಮುಂದೆ ಬರದಿರಲಿ ಅಂತ ನೆಟ್ಟರು, ಈಗ ಅಲ್ಲಿ ಹುಲ್ಲಿಗಿಂತ ಜಾಲಿಯ ಮಾತೇ ಜಾಸ್ತಿ. ಆದರೂ ನಮ್ಮ ಊರಿನ ಎಷ್ಟೋ ಒಲೆಗಳು ಉರಿದಿದ್ದು ಇದರ ಸೌದೆಯಲ್ಲೇ. ಜೇನಿಗೂ ಇದರ ಹೂವು ಒಳ್ಳೆಯದು. ಒಂದೆರಡು ಮರ ಬೇಕೇ ಬೇಕು ಅನ್ನುವವರು ಒಂದೇ ಕಾಂಡ ಬಿಟ್ಟು ಪಕ್ಕದ ಚಿಗುರು ಸವರುತ್ತಾ, ಕಾಯಿ ಉದುರುವಾಗ ಗುಡಿಸಿ ಎತ್ತಬೇಕು. ಅಷ್ಟು ಪುರಸೊತ್ತು ಯಾರಿಗಿದೆ ಅನ್ನೋದು ಬೇರೆ ಮಾತು.

ಈಗ ವ್ಯವಹಾರದ ವಿಷಯ. ಇದ್ದಿಲಿನವರನ್ನು ಕರೆಯಲೇಬೇಡಿ ಅನ್ನುತ್ತಿಲ್ಲ, ಪ್ರಾಮಾಣಿಕವಾಗಿ ಮಾಡುವವರೂ ಇದ್ದಾರೆ. ಆದರೆ ಬರೆಸಿಕೊಳ್ಳಿ. "ಕ್ಲೀನ್ ಮಾಡುವುದು" ಅಂತ ಬರೆದರೆ ಪ್ರಯೋಜನವಿಲ್ಲ. ಬುಡದ ಗಂಟು ನೆಲದ ಮೇಲೆ ಬಂದು ಬೀಳಬೇಕು, ಗುಂಡಿ ಮುಚ್ಚಬೇಕು, ಸಣ್ಣ ಮುಳ್ಳನ್ನು ಒಂದು ಕಡೆ ಒಟ್ಟಬೇಕು, ಯಾವ ಯಾವ ಮರ ಮುಟ್ಟಬಾರದು, ಇವೆಲ್ಲ ಬಿಡಿಬಿಡಿಯಾಗಿ ಇರಲಿ. ಯಂತ್ರದ ಬಾಡಿಗೆ ಯಾರದು ಅನ್ನೋದೂ ಇರಲಿ. ಎಲ್ಲಕ್ಕಿಂತ ಮುಖ್ಯ, ನಿಮ್ಮ ಕೈಯಲ್ಲಿರುವ ಹಿಡಿತ ಅಂದರೆ ಇದ್ದಿಲಿನ ಲೋಡ್ ಒಂದೇ. ಮೊದಲ ಅರ್ಧ ಎಕರೆಯ ಬುಡ ಎಬ್ಬಿಸಿ ತೋರಿಸುವ ತನಕ ಒಂದು ಚೀಲವೂ ಹೊಲ ದಾಟಬಾರದು. ಮುಂದಿನ ತುಂಡಿಗೂ ಹಾಗೇ. ಊರಲ್ಲಿ ನಿಂತು ನೋಡುವವರು ಇಲ್ಲದಿದ್ದರೆ ಹೊಲದವರ ಪರವಾಗಿ ಕೂಲಿ ಕೊಟ್ಟಾದರೂ ಒಬ್ಬರನ್ನು ಇಡಿ. ಮೇಸ್ತ್ರಿ ಹಿಂದೆ ಮಾಡಿದ ಹೊಲ ತೋರಿಸು ಅಂದರೆ ಈಚೆಗೆ ಕಡಿದದ್ದನ್ನು ನೋಡಬೇಡಿ, ಒಂದು ಮಳೆಗಾಲ ಕಳೆದ ಹೊಲವನ್ನೇ ನೋಡಿ.

ನಮ್ಮ ಹೊಲದಲ್ಲಿ ಅರ್ಧಕ್ಕೆ ಮಾತ್ರ ಬುಡ ಎಬ್ಬಿಸಿದ್ದಾಗಿದೆ. ಅಲ್ಲಿ ಹುರುಳಿ ಚೆಲ್ಲಿದ್ದೇವೆ, ನಡುನಡುವೆ ಜಾಲಿ ಸಸಿ ಕೀಳುವ ಕೆಲಸ ಇದ್ದೇ ಇದೆ. ಉಳಿದ ಅರ್ಧದಲ್ಲಿ ಚಿಗುರು ಆಳೆತ್ತರ ಆಗಿದೆ. ಹದವಾದ ಮಳೆ ಬಿದ್ದ ಮೇಲೆ ಅದೇ ಆಪರೇಟರ್ ಹುಡುಗನಿಗೆ ಫೋನ್ ಮಾಡಬೇಕು. ಈ ಸಲ ಗಂಟೆ ಲೆಕ್ಕ ಬೇಡ, ಬುಡಕ್ಕೆ ಇಷ್ಟು ಅಂತ ಮಾತಾಡೋಣ ಅಂತ ಚಿಕ್ಕಪ್ಪ ಹೇಳುತ್ತಿದ್ದಾರೆ.