ಏರಿಯನ್: ‘01011001’ ಮೊದಲೋ, ‘ದಿ ಸೋರ್ಸ್’ ಮೊದಲೋ?

ನೆದರ್ಲೆಂಡ್ಸ್‌ನ ಆರ್ಯೆನ್ ಲೂಕಾಸನ್ ಕಟ್ಟಿದ, ಆಲ್ಬಂ ಪೂರ್ತಿ ಒಂದೇ ಕಥೆ ಹೇಳುವ ಪ್ರೊಗ್ರೆಸಿವ್ ಮೆಟಲ್ ರಾಕ್ ಯೋಜನೆ ಏರಿಯನ್‌ನಲ್ಲಿ ಖಾಯಂ ಗಾಯಕರಿಲ್ಲ. ಆಲ್ಬಂಗೊಂದು ತಂಡ, ಕೆಲವರು ಮಾತ್ರ ಮರಳಿ ಬರುತ್ತಾರೆ. ಹಾನ್ಸಿ ಕ್ಯೂರ್ಷ್, ಫ್ಲೋರ್ ಯಾನ್ಸನ್, ಸಿಮೋನ್ ಸಿಮನ್ಸ್ ‘01011001’, ‘ದಿ ಸೋರ್ಸ್’ ಎರಡು ಆಲ್ಬಂಗಳಲ್ಲೂ ಇದ್ದಾರೆ. ಎರಡೂ ಜೋಡಿ ಸಿಡಿ, ಡ್ರಮ್ಸ್ ಎರಡರಲ್ಲೂ ಎಡ್ ವಾರ್ಬಿಯದೇ.

2008ರ ‘01011001’ ನೂರು ನಿಮಿಷ ದಾಟುತ್ತದೆ. ಹೆಸರನ್ನು ಬೈನರಿಯಾಗಿ, ಅಂದರೆ ಸೊನ್ನೆ-ಒಂದುಗಳಲ್ಲೇ ಬರೆದ ಸಂಖ್ಯೆಯಾಗಿ ಓದಿ: 64+16+8+1, ಅಂದರೆ 89, ಕಂಪ್ಯೂಟರಿನಲ್ಲಿ ಅಕ್ಷರಕ್ಕೊಂದು ಸಂಖ್ಯೆ ಕೊಡುವ ಆಸ್ಕಿ ಪಟ್ಟಿಯಲ್ಲಿ ‘ವೈ’ ಅಕ್ಷರ. ಕಥೆ ನಡೆಯುವ ಗ್ರಹದ ಹೆಸರೂ ಅದೇ! ತೊಡಕೆಂದರೆ, ಬಹುಪಾಲು ಗಾಯಕರು ‘ಫಾರೆವರ್’ ಎಂಬ ಒಂದೇ ಜನಾಂಗದವರಾಗಿ ಹಾಡುವುದರಿಂದ ಯಾರ ಸಾಲು ಯಾರದೆಂದು ತಿಳಿಯುವುದಿಲ್ಲ. ಸಾಹಿತ್ಯದ ಪುಸ್ತಿಕೆ ಎದುರಿಗಿರಲಿ.

2017ರ ‘ದಿ ಸೋರ್ಸ್’ನಲ್ಲಿ 17 ಹಾಡು, ಸುಮಾರು 88 ನಿಮಿಷ. ಗಿಟಾರ್ ಮುಂದೆ, ಕೀಬೋರ್ಡ್ ತುಸು ಹಿಂದೆ. ಇಲ್ಲಿ ಪ್ರತಿ ದನಿಗೂ ಪಾತ್ರವಿದೆ: ಜೇಮ್ಸ್ ಲಬ್ರೀ ಇತಿಹಾಸಕಾರ, ಹಾನ್ಸಿ ಖಗೋಳಜ್ಞ, ಫ್ಲೋರ್ ಜೀವವಿಜ್ಞಾನಿ, ರಸೆಲ್ ಆಲನ್ ಅಧ್ಯಕ್ಷ. ಹನ್ನೆರಡು ನಿಮಿಷ ಮೀರಿದ ಮೊದಲ ಹಾಡಿನಲ್ಲೇ ಹೆಚ್ಚುಕಮ್ಮಿ ಎಲ್ಲರ ಪರಿಚಯವಾಗುತ್ತದೆ. ರೋಬಾಟ್ ಪಾತ್ರದ ಮೈಕ್ ಮಿಲ್ಸ್ ಅಲ್ಲಿ ಸೊನ್ನೆ-ಒಂದುಗಳನ್ನೇ ಹಾಡುತ್ತಾನೆ, ಕೇಳಲು ಮಜಾ.

ಕಥೆಯ ಕಾಲಕ್ರಮದಲ್ಲೂ ‘ದಿ ಸೋರ್ಸ್’ ಮೊದಲು: ವೈ ಗ್ರಹಕ್ಕೆ ಜನ ಬಂದದ್ದು ಹೇಗೆಂದು ಅದೇ ಹೇಳುವುದು. ಹೊಸಬರು ಇದರಿಂದಲೇ ಶುರುಮಾಡಿ. ಸಿಂಥ್‌ (ಎಲೆಕ್ಟ್ರಾನಿಕ್ ಕೀಬೋರ್ಡ್) ದನಿಯ ಮೋಹ, ನಿಧಾನವಾಗಿ ಬಿಚ್ಚಿಕೊಳ್ಳುವ ಹಾಡುಗಳ ಆಸೆಯಿದ್ದರೆ ಮಾತ್ರ ‘01011001’. ಯಾವುದೇ ಆದರೂ ಶಫಲ್ ಆಫ್ ಮಾಡಿ, ಇಲ್ಲದಿದ್ದರೆ ಕಥೆ ಕಲಸುಮೇಲೋಗರ.