ಮಾಂಗಾ ಬಾಡಿಗೆಗೆ ಕೊಡುವವಳ ಮೂರು ಆಕರ ಗ್ರಂಥಗಳು

ನಮ್ಮದು ಮೈಸೂರಿನಲ್ಲಿ ಹಳೇ ಕಾಲದ ಸರ್ಕ್ಯುಲೇಟಿಂಗ್ ಲೈಬ್ರರಿ. ಠೇವಣಿ ಕಟ್ಟಿ ಮೆಂಬರ್ ಆಗಬೇಕು, ಬಾಡಿಗೆ ದಿನದ ಲೆಕ್ಕ, ಪುಟ ಹರಿದರೆ ದಂಡ. ನಮ್ಮ ಮಾವನವರ ಕಾಲದಲ್ಲಿ ಪತ್ತೇದಾರಿ ಕಾದಂಬರಿಗಳಿಂದ ಅಂಗಡಿ ನಡೆಯುತ್ತಿತ್ತು, ಈಗ ಮಾಂಗಾದಿಂದ, ಅಂದರೆ ಜಪಾನಿನ ಕಾಮಿಕ್ಸ್‌ನಿಂದ, ನಡೆಯುತ್ತಿದೆ. ಟ್ಯೂಷನ್ ಮುಗಿಸಿ ಬರುವ ಮಕ್ಕಳಿಗೆ ‘ಒನ್ ಪೀಸ್’, ‘ನರುಟೊ’, ‘ಡೆತ್ ನೋಟ್’ ಬೇಕು. ಅವರ ಬೆನ್ನಿಗೇ ಬರುವ ಅಮ್ಮಂದಿರಿಗೆ, “ಇದರಲ್ಲಿ ಏನಿದೆ ಮೇಡಂ, ಏಳನೇ ಕ್ಲಾಸಿನವರು ಓದಬಹುದಾ?” ಅನ್ನುವುದಕ್ಕೆ ಉತ್ತರ ಬೇಕು. ನೂರು ಸಂಪುಟ ದಾಟಿದ ಕಥೆಯನ್ನು ಪೂರ್ತಿ ಓದಿ ಉತ್ತರ ಹೇಳುವಷ್ಟು ಪುರುಸೊತ್ತು ನನಗಿಲ್ಲ. ಅದಕ್ಕೇ ಮೂರು ಇಂಗ್ಲಿಷ್ ಆಕರ ಗ್ರಂಥಗಳನ್ನು ತರಿಸಿಕೊಂಡೆ. ಮೂರೂ ದುಬಾರಿಯೇ, ಆದರೆ ಮೂರೂ ಒಂದೇ ತೂಕದವಲ್ಲ.

ಅಮ್ಮಂದಿರ ಪ್ರಶ್ನೆಗೆ ನೇರ ಉತ್ತರ ಕೊಡುವುದು ಜೇಸನ್ ಥಾಂಪ್ಸನ್ ಅವರ ‘ಮಾಂಗಾ: ದಿ ಕಂಪ್ಲೀಟ್ ಗೈಡ್’. ಆ ಹೊತ್ತಿಗೆ ಇಂಗ್ಲಿಷಿಗೆ ಬಂದಿದ್ದ ನೂರಾರು ಮಾಂಗಾಗಳಿಗೆ ಒಂದೊಂದು ಪುಟ್ಟ ವಿಮರ್ಶೆ, ನಕ್ಷತ್ರದ ಅಂಕ, ಯಾವ ವಯಸ್ಸಿನವರಿಗೆ ಅನ್ನುವ ಸೂಚನೆ. ಒಂಬತ್ತನೇ ಕ್ಲಾಸಿನ ಹುಡುಗ ‘ಬೆರ್ಸರ್ಕ್’ ಕೇಳಿದಾಗ ಪುಟ ತೆಗೆದು ಅವನ ಮುಂದೆಯೇ ಇಟ್ಟೆ: ದೊಡ್ಡವರಿಗೆ ಮಾತ್ರ. “ಆಂಟಿ, ನಾನು ಅನಿಮೆ (ಜಪಾನಿನ ಅನಿಮೇಷನ್) ನೋಡಿಯೇ ಆಗಿದೆ” ಅಂದ. ಅದು ಬೇರೆ ಮಾತು. ನಡುನಡುವೆ ಅಡುಗೆ, ಮಹ್‌ಜಾಂಗ್ ಆಟ ಅಂತ ಒಂದೊಂದು ವಿಷಯ ಹಿಡಿದು ಬರೆದ ಚಿಕ್ಕ ಲೇಖನಗಳೂ ಇವೆ, ಬಿಡುವಾಗಿದ್ದಾಗ ಓದಿಕೊಳ್ಳಲು ಚೆನ್ನಾಗಿವೆ. ತೊಂದರೆ ಏನೆಂದರೆ ಪುಸ್ತಕ ಬಂದದ್ದು 2007ರಲ್ಲಿ. ‘ಅಟ್ಯಾಕ್ ಆನ್ ಟೈಟನ್’ ಶುರುವಾದದ್ದು 2009ಕ್ಕೆ, ‘ಡೀಮನ್ ಸ್ಲೇಯರ್’ 2016ಕ್ಕೆ, ‘ಜುಜುತ್ಸು ಕೈಸೆನ್’ 2018ಕ್ಕೆ. ಹುಡುಗರು ಮುಗಿಬೀಳುವುದೆಲ್ಲ ಇದರ ನಂತರದ್ದೇ. ಹಳೇ ಪುಸ್ತಕದಂಗಡಿಯಲ್ಲಿ ಸೋವಿಗೆ ಸಿಕ್ಕರೆ ಕೊಳ್ಳಿ, ಪೂರ್ತಿ ಬೆಲೆ ತೆರಬೇಡಿ.

ಎರಡನೆಯದು ‘ದಿ ಅನಿಮೆ ಎನ್‌ಸೈಕ್ಲೋಪೀಡಿಯ’. ಬರೆದವರು ಬ್ರಿಟನ್ನಿನ ಜಾನಥನ್ ಕ್ಲೆಮೆಂಟ್ಸ್ ಮತ್ತು ಹೆಲೆನ್ ಮೆಕಾರ್ಥಿ. ಮೊದಲು ಬಂದದ್ದು 2001ರಲ್ಲಿ. ನನ್ನ ಹತ್ತಿರ ಇರುವುದು 2015ರ ಮೂರನೇ ಆವೃತ್ತಿ. ಸಾವಿರಕ್ಕೂ ಹೆಚ್ಚು ಪುಟ, ಅಕ್ಷರ ಸಣ್ಣದು, ಕನ್ನಡಕ ಇಲ್ಲದೆ ನನಗಂತೂ ಆಗುವುದಿಲ್ಲ. 1917ರಲ್ಲಿ ಜಪಾನಿನಲ್ಲಿ ತೆರೆಕಂಡ ಮೊದಲ ಕಿರು ಅನಿಮೇಷನ್‌ಗಳಿಂದ ಹಿಡಿದು ಸರಿಸುಮಾರು ನೂರು ವರ್ಷದ ಅನಿಮೆ ಇದರಲ್ಲಿದೆ. ನಿರ್ದೇಶಕರು, ಚಿತ್ರಕಥೆ, ಸಂಗೀತ, ಎಷ್ಟು ಕಂತು, ಎಷ್ಟು ನಿಮಿಷ ಅನ್ನುವ ವಿವರ ಮೊದಲು, ಆಮೇಲೆ ಟಿಪ್ಪಣಿ. ಬೈಗುಳದ ಮಾತು, ನಗ್ನತೆ, ಹಿಂಸೆ ಇದ್ದರೆ ಒಂದೊಂದಕ್ಕೂ ಒಂದೊಂದು ಅಕ್ಷರದ ಗುರುತು. ನನ್ನಂಥವರಿಗೆ ಈ ಮೂರು ಅಕ್ಷರಗಳೇ ಸಾಕು, ಅರ್ಧ ತಲೆನೋವು ಕಡಿಮೆ.

ಇಂಟರ್‌ನೆಟ್‌ನಲ್ಲಿ ಎಲ್ಲ ಪುಕ್ಕಟೆ ಸಿಗುವಾಗ ಇದೆಲ್ಲ ಯಾಕೆ ಅಂತ ನಮ್ಮ ಯಜಮಾನರು ಕೇಳಿದರು. ಅಲ್ಲಿ ಸಿಗುವುದು ಸಾವಿರಾರು ಜನ ಒತ್ತಿದ ಅಂಕದ ಸರಾಸರಿ. ಇಲ್ಲಿರುವುದು ರಾಶಿಗಟ್ಟಲೆ ನೋಡಿದ ಇಬ್ಬರ ಖಡಕ್ ಅಭಿಪ್ರಾಯ. ಹಿಡಿಸದಿದ್ದರೆ ಮುಲಾಜಿಲ್ಲದೆ ಚುಚ್ಚುತ್ತಾರೆ. ನನಗೆ ಒಪ್ಪಿಗೆಯಾಗದ ಟಿಪ್ಪಣಿಗಳು ಬೇಕಾದಷ್ಟಿವೆ, ಆದರೆ ಯಾಕೆ ಒಪ್ಪಿಗೆಯಾಗಲಿಲ್ಲ ಅಂತ ಯೋಚಿಸುವಾಗ ಆ ಚಿತ್ರ ಇನ್ನೊಂದು ಸಲ ಕಣ್ಣ ಮುಂದೆ ಬರುತ್ತದೆ. ಸರಾಸರಿಯ ಜೊತೆ ಜಗಳವಾಡಲು ಬರುವುದಿಲ್ಲವಲ್ಲ! ಕೊಳ್ಳುವುದಾದರೆ ಇ-ಬುಕ್ ಕೊಳ್ಳಿ, ಹುಡುಕುವುದು ಸಲೀಸು. 2015ರ ನಂತರದ್ದಕ್ಕೆ ಮಾತ್ರ ಫೋನೇ ಗತಿ.

ಮೂರರಲ್ಲಿ ಅತಿ ಹಳೆಯದು ಫ್ರೆಡರಿಕ್ ಶಾಟ್ ಅವರ ‘ಮಾಂಗಾ! ಮಾಂಗಾ!’, 1983ರದ್ದು. ನನಗೆ ಅತಿ ಹೆಚ್ಚು ಉಪಯೋಗಕ್ಕೆ ಬಂದದ್ದೂ ಅದೇ. ಆಗ ಇಂಗ್ಲಿಷಿನಲ್ಲಿ ಓದಲು ಮಾಂಗಾಗಳೇ ಹೆಚ್ಚಿರಲಿಲ್ಲ. ಹಾಗಾಗಿ ಇದರಲ್ಲಿ ಪಟ್ಟಿಯಿಲ್ಲ, ಅಂಕವಿಲ್ಲ. ಇಷ್ಟೊಂದು ಜನ ಯಾಕೆ ಓದುತ್ತಾರೆ, ಹೇಗೆ ಓದುತ್ತಾರೆ, ಯಾರು ಬರೆಯುತ್ತಾರೆ, ದುಡ್ಡು ಎಲ್ಲಿಂದ ಹುಟ್ಟುತ್ತದೆ ಅನ್ನುವುದಷ್ಟೇ. ಮುನ್ನುಡಿ ಜಪಾನಿನ ಹೆಸರಾಂತ ಮಾಂಗಾಕಾರ ಒಸಾಮು ತೆಜುಕಾ ಅವರದ್ದು. ಹಳೆಯ ಸುರುಳಿಚಿತ್ರಗಳಿಂದ ಹೊರಟು ಹಳೇ ಕಾಲದ ಚಿತ್ರಕಾರ ಹೊಕುಸಾಯಿ, ಯುದ್ಧಕಾಲ, ಹುಡುಗಿಯರ ಮಾಂಗಾ, ಆಫೀಸ್ ಗುಮಾಸ್ತರ ಮಾಂಗಾ ಎಲ್ಲ ದಾಟಿ ಪ್ರೆಸ್ಸಿನವರೆಗೆ ಬರುತ್ತಾರೆ.

ಮೊದಲ ಅಧ್ಯಾಯದಲ್ಲೇ ಒಂದು ಲೆಕ್ಕವಿದೆ. 320 ಪುಟದ ಮಾಂಗಾ ವಾರಪತ್ರಿಕೆಯೊಂದನ್ನು ಓದುಗ ಸಾಮಾನ್ಯವಾಗಿ 20 ನಿಮಿಷದಲ್ಲಿ ಮುಗಿಸುತ್ತಾನಂತೆ. ಅಂದರೆ ಪುಟಕ್ಕೆ 3.75 ಸೆಕೆಂಡು. ಉತ್ಪ್ರೇಕ್ಷೆ ಇರಬೇಕು ಅಂದುಕೊಂಡು ನಮ್ಮ ಸ್ಟೂಲಿನ ಮೇಲೆ ಕೂತು ‘ಒನ್ ಪೀಸ್’ ಓದುತ್ತಿದ್ದ ಹುಡುಗಿಯ ಕೈಯನ್ನೇ ನೋಡುತ್ತಾ ನಿಂತೆ. ಹೊಡೆದಾಟದ ಪುಟಗಳು ಸರ್ ಸರ್ ಅಂತ ಹೋದವು. ಮಾತಿಲ್ಲದೆ ಬರೀ ಒಂದು ಮುಖ ಇದ್ದ ಪುಟ ಬಂದಾಗ ಬೆರಳು ಅಂಚಿನಲ್ಲೇ ನಿಂತಿತು. ಶಾಟ್ ಹೇಳುವುದೂ ಅದನ್ನೇ: ಇಲ್ಲಿ ಕಥೆಯನ್ನು ಎಳೆಯುವುದು ಚಿತ್ರ, ಅದಕ್ಕಾಗಿ ಒಂದು ಕ್ಷಣದ ಘಟನೆಗೆ ಎಷ್ಟು ಪುಟ ಬೇಕಾದರೂ ಖರ್ಚು ಮಾಡುತ್ತಾರೆ. ಬೆಳಿಗ್ಗೆ ಒಯ್ದ ಮೂರು ಸಂಪುಟ ಸಂಜೆಗೇ ವಾಪಸ್ ಬರುವುದು ಯಾಕೆ ಅಂತ ಆವತ್ತು ಅರ್ಥವಾಯಿತು. ದಿನದ ಬಾಡಿಗೆ ಬಿಟ್ಟು ಮಾಂಗಾಕ್ಕೆ ಮಾತ್ರ ಸಂಪುಟದ ಲೆಕ್ಕದಲ್ಲಿ ಬಾಡಿಗೆ ಹಾಕಿದೆ. ಪುಸ್ತಕದ ದುಡ್ಡು ಅಲ್ಲೇ ಹುಟ್ಟಿತು ಅನ್ನಿ.

ಬಾಡಿಗೆ ಲೈಬ್ರರಿಗಳ ಕಥೆಯಂತೂ ನನಗೆಂದೇ ಬರೆದ ಹಾಗಿದೆ. ಯುದ್ಧ ಮುಗಿದ ಮೇಲೆ ಜನರ ಕೈಯಲ್ಲಿ ದುಡ್ಡಿಲ್ಲದಾಗ ಜಪಾನಿನ ಬೀದಿಬೀದಿಯಲ್ಲಿ ಪುಸ್ತಕ ಬಾಡಿಗೆಗೆ ಕೊಡುವ ಅಂಗಡಿಗಳೆದ್ದವು. ಅವಕ್ಕೆ ಕಶಿಹೊನ್‌ಯಾ ಅನ್ನುತ್ತಾರೆ. ಆ ಅಂಗಡಿಗಳಿಗೆಂದೇ ಅಗ್ಗದ ಮಾಂಗಾ ಬರೆದು ಶಿಗೆರು ಮಿಜುಕಿ, ಯೋಶಿಹಿರೊ ತತ್ಸುಮಿಯಂಥವರು ಪಳಗಿದರು. ದೊಡ್ಡವರ ಕಥೆ ಹೇಳುವ ‘ಗೆಕಿಗಾ’ ಹುಟ್ಟಿದ್ದು ಅಲ್ಲೇ. 1959ರ ಮಾರ್ಚ್ 17ರಂದು ಹುಡುಗರ ಮಾಂಗಾ ವಾರಪತ್ರಿಕೆಗಳು ಎರಡು ಒಟ್ಟಿಗೆ ಶುರುವಾದವು. ಕೈಯಲ್ಲಿ ಕಾಸು ಓಡಾಡತೊಡಗಿದ ಮೇಲೆ ಬಾಡಿಗೆ ಯಾರಿಗೆ ಬೇಕು? ಅಂಗಡಿಗಳು ಒಂದೊಂದಾಗಿ ಬಾಗಿಲು ಹಾಕಿದವು. ನಮ್ಮ ವೃತ್ತಿಯವರು ಓದಿ ಸಂತೋಷಪಡುವ ಭಾಗವಲ್ಲ ಇದು.

ಪಾಲಕರ ಸಿಟ್ಟಿನ ಮೇಲೂ ಒಂದು ಅಧ್ಯಾಯವಿದೆ. 1968ರಲ್ಲಿ ಗೋ ನಗಾಯಿ ಶಾಲೆಯ ಪೋಲಿ ಕಥೆಯೊಂದನ್ನು ಶುರುಮಾಡಿದಾಗ ಪಾಲಕ-ಶಿಕ್ಷಕರ ಸಂಘ (ಪಿಟಿಎ) ವಿರೋಧಿಸಿತ್ತು. ನನ್ನ ಕೌಂಟರಿನ ಎದುರು ನಡೆಯುವ ವಾದವೆಲ್ಲ ಅಲ್ಲಿ ಆಗಲೇ ನಡೆದುಹೋಗಿದೆ.

ಪುಸ್ತಕದ ಕೊನೆಯಲ್ಲಿ ನಾಲ್ಕು ಮಾಂಗಾಗಳ ಭಾಗಗಳನ್ನು ಅನುವಾದಿಸಿ ಕೊಟ್ಟಿದ್ದಾರೆ. ಅವುಗಳಲ್ಲಿ ಕೇಯ್ಜಿ ನಕಾಜಾವಾ ಅವರ ‘ಬೇರ್‌ಫುಟ್ ಗೆನ್’ ಒಂದು. ಹಿರೋಶಿಮಾದ ಮೇಲೆ ಬಾಂಬ್ ಬಿದ್ದಾಗ ನಕಾಜಾವಾ ಅವರಿಗೆ ಆರು ವರ್ಷ. ಇದನ್ನು ಓದಿದ ಮೇಲೆ ‘ಗೆನ್’ ಪೂರ್ತಿ ಸರಣಿ ತರಿಸಿದೆ. ಹಿಂಸೆಯ ಗುರುತು ಹಾಕುವುದಾದರೆ ಇದಕ್ಕೇ ಮೊದಲು ಹಾಕಬೇಕು. 2012ರಲ್ಲಿ ಜಪಾನಿನ ಮತ್ಸುಯೆ ಊರಿನ ಶಿಕ್ಷಣ ಮಂಡಳಿ ಇದನ್ನು ಶಾಲಾ ಲೈಬ್ರರಿಗಳಲ್ಲಿ ಮಕ್ಕಳ ಕೈಗೆ ಸಿಗದಂತೆ ಒಳಗಿಡಿಸಿ, ಗದ್ದಲವಾದ ಮೇಲೆ 2013ರ ಆಗಸ್ಟ್‌ನಲ್ಲಿ ಆ ನಿರ್ಬಂಧ ತೆಗೆದಿತ್ತು. ನಾನು ಒಳಗಿಟ್ಟಿಲ್ಲ. ಎಂಟನೇ ಕ್ಲಾಸಿನ ಮೇಲಿನವರು ಕೇಳಿದರೆ ಕೊಡುತ್ತೇನೆ, ಅಮ್ಮಂದಿರು ಕೇಳಿದರೆ ಮೊದಲ ಸಂಪುಟ ಅವರ ಕೈಗೇ ಕೊಡುತ್ತೇನೆ. ಇಬ್ಬರು ಅಮ್ಮಂದಿರು ಎರಡನೇ ಸಂಪುಟಕ್ಕೆ ತಮ್ಮ ಹೆಸರು ಬರೆಸಿ ಹೋಗಿದ್ದಾರೆ.

ಯಾವ ಮಾಂಗಾ ಕೊಳ್ಳಲಿ ಅಂತ ಪಟ್ಟಿ ಬೇಕಿದ್ದವರು ಶಾಟ್ ಕೊಂಡು ನನ್ನನ್ನು ಬೈಯಬೇಡಿ, ಅದರಲ್ಲಿ ‘ಡ್ರ್ಯಾಗನ್ ಬಾಲ್’ ಕೂಡ ಇಲ್ಲ. ಉಳಿದೆರಡು ಪುಸ್ತಕ ಕೌಂಟರಿನಲ್ಲೇ ನೋಡಬಹುದು. ಶಾಟ್ ಮಾತ್ರ ಬಾಡಿಗೆಗೂ ಉಂಟು, ದಿನದ ಲೆಕ್ಕದಲ್ಲಿ.